ಮಾತು ನಮ್ಮಿಬ್ಬರಲ್ಲೇ ಇರಲಿ

ಭಾನುವಾರದ ಪೂಜೆ ಮುಗಿದು ಜನ ದೇವಾಲಯದ ಅಂಗಳದಲ್ಲಿ ನಿಂತು ಮಾತನಾಡುವ ಹೊತ್ತಿನಲ್ಲಿ ನಮ್ಮೆಲ್ಲರ ಕಿವಿಗೂ ಬೀಳುವ ಒಂದು ಮಾತಿದೆ: ‘ಇದು ನಮ್ಮಲ್ಲೇ ಇರಲಿ.’ ಹೆಚ್ಚಿನ ಸಲ ಅದರ ಹಿಂದೆ ದೊಡ್ಡ ಗುಟ್ಟೇನೂ ಇರುವುದಿಲ್ಲ. ಮಗಳಿಗೆ ಬಂದ ಸಂಬಂಧ, ಅಳಿಯನಿಗೆ ಸಿಗಲಿರುವ ಕೆಲಸ, ಮನೆಯ ಹಿರಿಯರಿಗೆ ಬಂದ ಕಾಯಿಲೆ. ಎಲ್ಲರಿಗೂ ಹೇಳಲಾಗದ್ದನ್ನು ಒಬ್ಬರಿಗಾದರೂ ಹೇಳಿಕೊಂಡರೆ ಎದೆ ಹಗುರಾಗುತ್ತದೆ. ಆ ಒಬ್ಬರನ್ನೇ ನಾವು ಗೆಳೆಯ ಎನ್ನುತ್ತೇವೆ. ಹಾಗಾಗಿ ಈ ಮಾತಿನ ಮೇಲೆ ನನಗೆ ಎಂದೂ ಅನುಮಾನ ಬಂದಿರಲಿಲ್ಲ.

ಅನುಮಾನ ಬಂದದ್ದು ಅಮೆರಿಕದ ಮೊದಲ ಅಧ್ಯಕ್ಷ ಜಾರ್ಜ್ ವಾಷಿಂಗ್ಟನ್ನರ ಒಂದು ಹಳೆಯ ಪತ್ರವನ್ನು ಓದಿದಾಗ. ಅವರು ಆಗಿನ್ನೂ ಅಧ್ಯಕ್ಷರಲ್ಲ, ಸೇನಾನಾಯಕರೂ ಅಲ್ಲ. ವರ್ಜೀನಿಯಾದ ಒಬ್ಬ ಜಮೀನುದಾರರು, ವಯಸ್ಸು 35. ಹದಿನಾರರ ಹರೆಯದಲ್ಲೇ ಸರಪಳಿ ಹಿಡಿದು ಕಾಡಿನಲ್ಲಿ ಭೂಮಿ ಅಳೆಯುವ ಕೆಲಸ ಕಲಿತಿದ್ದವರು. ಯಾವ ನೆಲ ಒಳ್ಳೆಯದು, ಯಾವುದು ಬರಡು ಎಂದು ಮರಗಳನ್ನು ನೋಡಿಯೇ ಹೇಳಬಲ್ಲವರು. 1767ರ ಸೆಪ್ಟೆಂಬರ್‌ನಲ್ಲಿ ಅವರು ತಮ್ಮ ಹಳೆಯ ಸಂಗಡಿಗ ವಿಲಿಯಂ ಕ್ರಾಫರ್ಡ್‌ಗೆ ಒಂದು ಪತ್ರ ಬರೆದರು. ಕ್ರಾಫರ್ಡ್ ಕೂಡ ಭೂಮಾಪಕ. ಇಬ್ಬರೂ ಫ್ರೆಂಚರ ವಿರುದ್ಧದ ಯುದ್ಧದಲ್ಲಿ ಒಟ್ಟಿಗೆ ಇದ್ದವರು. ಯುದ್ಧ ಮುಗಿದ ಮೇಲೆ ಕ್ರಾಫರ್ಡ್ ಬೆಟ್ಟಸಾಲು ದಾಟಿ, ಪಶ್ಚಿಮದ ಯಾಕಗೇನಿ ನದಿಯ ದಂಡೆಯಲ್ಲಿ ಮರದ ದಿಮ್ಮಿಗಳ ಮನೆ ಕಟ್ಟಿಕೊಂಡು ನೆಲೆಸಿದ್ದ.

ಪತ್ರದ ಹಿನ್ನೆಲೆ ಇಷ್ಟು. 1763ರಲ್ಲಿ ಇಂಗ್ಲೆಂಡಿನ ರಾಜ ಒಂದು ಘೋಷಣೆ ಹೊರಡಿಸಿದ್ದರು. ಅಪಲೇಚಿಯನ್ ಬೆಟ್ಟಸಾಲಿನಿಂದ ಆಚೆಗಿನ ನೆಲ ಮೂಲನಿವಾಸಿಗಳ ಬಳಕೆಗೆ ಮೀಸಲು, ಬಿಳಿಯರು ಅಲ್ಲಿ ಕೊಳ್ಳಬಾರದು, ನೆಲೆಸಬಾರದು ಎಂದು. ವಾಷಿಂಗ್ಟನ್ ತಮ್ಮ ಗೆಳೆಯನಿಗೆ ಬರೆದದ್ದರ ಸಾರ ಹೀಗಿದೆ. ಈ ಘೋಷಣೆ ಮೂಲನಿವಾಸಿಗಳ ಮನಸ್ಸನ್ನು ಸಮಾಧಾನಪಡಿಸಲು ಮಾಡಿದ ತಾತ್ಕಾಲಿಕ ಉಪಾಯವೇ ಹೊರತು ಬೇರೇನೂ ಅಲ್ಲ, ಕೆಲವೇ ವರ್ಷಗಳಲ್ಲಿ ಬಿದ್ದುಹೋಗುತ್ತದೆ. ಈಗ ಒಳ್ಳೆಯ ನೆಲವನ್ನು ಹುಡುಕಿ ಗುರುತು ಮಾಡಿಕೊಳ್ಳದವನಿಗೆ ಮುಂದೆ ಅಂಥ ಅವಕಾಶ ಸಿಗದು. ಹುಡುಕುವ ಕಷ್ಟ ನಿನ್ನದು, ಅಳತೆ ಮತ್ತು ಪಟ್ಟಾದ ಖರ್ಚು ನನ್ನದು, ನಿನಗೂ ತಕ್ಕ ಪಾಲು ಇದೆ. ಘೋಷಣೆಯ ಬಗ್ಗೆ ತಮ್ಮ ಅಭಿಪ್ರಾಯ ಹೇಳುವಲ್ಲಿ ಮಾತ್ರ ಕಂಸದೊಳಗೆ ಸಣ್ಣದಾಗಿ ಸೇರಿಸಿದ್ದಾರೆ, ಇದು ನಮ್ಮಿಬ್ಬರ ನಡುವೆ ಹೇಳುವ ಮಾತು ಎಂದು.

ಪತ್ರದ ಕೊನೆಯ ಭಾಗದಲ್ಲಿ ಗುಟ್ಟು ಇನ್ನೂ ಬಿಗಿಯಾಗುತ್ತದೆ. ಇಡೀ ವಿಷಯವನ್ನು ಒಳಗೇ ಇಟ್ಟುಕೊ, ತೀರಾ ನಂಬಿಕಸ್ತರಿಗಷ್ಟೇ ಹೇಳು. ಯಾರಾದರೂ ಕೇಳಿದರೆ ಬೇಟೆಗೆ ಬಂದಿದ್ದೇನೆ ಎನ್ನು. ಗುಟ್ಟು ಯಾಕೆ ಬೇಕು ಎನ್ನುವುದಕ್ಕೆ ಅವರು ಎರಡು ಕಾರಣ ಕೊಡುತ್ತಾರೆ. ಒಂದು, ರಾಜನ ಘೋಷಣೆಯ ಬಗ್ಗೆ ನಾನು ಹೀಗೆಲ್ಲ ಹೇಳಿದೆನೆಂದು ಗೊತ್ತಾದರೆ ಜನ ನನ್ನನ್ನು ದೂರಬಹುದು. ಎರಡು, ಸುದ್ದಿ ಹರಡಿದರೆ ಬೇರೆಯವರೂ ಎಚ್ಚೆತ್ತು ಅದೇ ದಾರಿ ಹಿಡಿಯಬಹುದು.

ಈ ಎರಡು ಕಾರಣಗಳನ್ನು ನಾನು ಮತ್ತೆ ಮತ್ತೆ ಓದಿದೆ. ಒಂದರಲ್ಲಿ ತಮ್ಮ ಮಾನದ ಚಿಂತೆ, ಇನ್ನೊಂದರಲ್ಲಿ ಪೈಪೋಟಿಯ ಚಿಂತೆ. ಆ ನೆಲದ ಮೇಲೆ ಬದುಕುತ್ತಿದ್ದವರಿಗೆ ತಿಳಿದರೆ ಏನಾದೀತು ಎಂಬ ಚಿಂತೆ ಮಾತ್ರ ಎಲ್ಲಿಯೂ ಇಲ್ಲ. ಅವರಿಂದ ಬಚ್ಚಿಡಬೇಕು ಎನ್ನುವಷ್ಟು ಕೂಡ ಅವರು ಲೆಕ್ಕಕ್ಕೆ ಬಂದಿಲ್ಲ.

ಕ್ರಾಫರ್ಡ್ ಎರಡು ವಾರದೊಳಗೆ ಉತ್ತರ ಬರೆದ. ಮನಃಪೂರ್ವಕವಾಗಿ ಒಪ್ಪಿದ್ದೇನೆ, ಗುಟ್ಟು ಕಾಪಾಡುತ್ತೇನೆ ಎಂದು. ಕೊಟ್ಟ ಮಾತನ್ನು ಉಳಿಸಿಕೊಂಡ ಕೂಡ. ಮುಂದಿನ ಹಲವು ವರ್ಷ ಕಾಡು ಸುತ್ತಿ, ಮಳೆ ಚಳಿ ಅನ್ನದೆ, ತನ್ನ ಗೆಳೆಯನಿಗಾಗಿ ನೆಲ ಅಳೆದ. 1770ರಲ್ಲಿ ವಾಷಿಂಗ್ಟನ್ ತಾವೇ ಅವನ ಮನೆಗೆ ಬಂದು, ಅವನೊಡನೆ ದೋಣಿಯಲ್ಲಿ ಒಹಾಯೊ ನದಿಯುದ್ದಕ್ಕೂ ಹೋಗಿ ನೆಲ ನೋಡಿಕೊಂಡು ಬಂದರು. ಅವರದು ಬರೀ ಲಾಭದ ಸಂಬಂಧ ಎಂದು ಹೇಳಿ ಮುಗಿಸಲಾಗದು. ಪತ್ರಗಳಲ್ಲಿ ಒಬ್ಬರ ಮೇಲೊಬ್ಬರಿಗೆ ಇದ್ದ ವಿಶ್ವಾಸ ಕಾಣುತ್ತದೆ. ನನ್ನ ಕಷ್ಟ ಇರುವುದು ಅಲ್ಲಿಯೇ. ಕೆಟ್ಟವರಿಬ್ಬರು ಸೇರಿ ಸಂಚು ಹೂಡಿದರು ಎಂದಾಗಿದ್ದರೆ ಯೋಚಿಸುವ ಅಗತ್ಯವೇ ಇರಲಿಲ್ಲ.

ವಾಷಿಂಗ್ಟನ್ನರ ಪರವಾಗಿ ಹೇಳುವವರು ಹೇಳುವುದುಂಟು: ಅವರ ಊಹೆ ಸರಿಯಾಗಿತ್ತಲ್ಲ? ನಿಜ, ಒಂದು ವರ್ಷ ಕಳೆಯುವಷ್ಟರಲ್ಲಿ, 1768ರ ಫೋರ್ಟ್ ಸ್ಟ್ಯಾನ್‌ವಿಕ್ಸ್ ಒಪ್ಪಂದದಲ್ಲಿ ಗಡಿರೇಖೆ ಪಶ್ಚಿಮಕ್ಕೆ ಸರಿಯಿತು. ಇರಕ್ವಾ ಜನಾಂಗದ ಮುಖಂಡರು ಹಣ ಪಡೆದು ಒಹಾಯೊ ನದಿಯ ದಕ್ಷಿಣದ ನೆಲವನ್ನು ಬಿಟ್ಟುಕೊಟ್ಟರು. ಆದರೆ ಆ ನೆಲದಲ್ಲಿ ಬೇಟೆಯಾಡಿ ಬದುಕುತ್ತಿದ್ದವರು ಶಾನೀ ಮತ್ತು ಡೆಲವೇರ್ ಜನ. ಅವರನ್ನು ಯಾರು ಕೇಳಿದರು? ಗಡಿಯ ಊರುಗಳಲ್ಲಿ ಬಾಳುವ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಎಲ್ಲೋ ದೂರದಲ್ಲಿ ಕುಳಿತವರು ಎಳೆದ ಗೆರೆಯ ಈಚೆಗೋ ಆಚೆಗೋ ನಾವಿರುತ್ತೇವೆ, ಅಷ್ಟೇ. ಇರಲಿ. ನನ್ನ ಪ್ರಶ್ನೆ ಕಾನೂನಿನದಲ್ಲ. ಗೆಳೆತನದ್ದು.

ಇನ್ನೊಂದು ಪತ್ರ ನೋಡಿ. 1770ರ ಜನವರಿಯಲ್ಲಿ ವಾಷಿಂಗ್ಟನ್ ತಮ್ಮ ಸ್ವಂತ ತಮ್ಮ ಚಾರ್ಲ್ಸ್‌ಗೆ ಬರೆದದ್ದು. 1754ರ ಯುದ್ಧಕ್ಕೆ ಸೇರಿದವರಿಗೆ ಸರ್ಕಾರ ಒಟ್ಟು 2,00,000 ಎಕರೆ ಕೊಡುವುದಾಗಿ ಮಾತು ಕೊಟ್ಟಿತ್ತು. ಹದಿನೈದು ವರ್ಷ ಕಳೆದರೂ ನೆಲ ಕೈಗೆ ಬಂದಿರಲಿಲ್ಲ, ಕಾದು ಕಾದು ಬೇಸತ್ತವರು ತಮ್ಮ ಹಕ್ಕನ್ನು ಸಿಕ್ಕ ಬೆಲೆಗೆ ಮಾರಲು ಸಿದ್ಧರಿದ್ದರು. ಅಂಥವರ ಹಕ್ಕನ್ನು ನಿನ್ನ ಹೆಸರಿನಲ್ಲಿ ಕೊಂಡುಕೋ, ಇದರಲ್ಲಿ ನನ್ನ ಕೈ ಇದೆಯೆಂದು ಯಾರಿಗೂ ಗೊತ್ತಾಗದಿರಲಿ ಎನ್ನುತ್ತಾರೆ ಅಣ್ಣ. ಮೊದಲಿಗೆ ಗಂಭೀರವಾಗಿ ಕೇಳಬೇಡ, ತಮಾಷೆಗೆ ಕೇಳಿದ ಹಾಗೆ ಕೇಳಿ ಅವರು ಎಷ್ಟು ಬೆಲೆ ಕಟ್ಟುತ್ತಾರೆ ನೋಡು ಎಂದೂ ಹೇಳಿಕೊಡುತ್ತಾರೆ. ನಮ್ಮ ಕಡೆಯ ಯಾವ ಜಮೀನು ದಲ್ಲಾಳಿಯೂ ಇದನ್ನು ಓದಿದರೆ ತಲೆದೂಗಿಯಾನು! ಬೇನಾಮಿ ಎಂಬ ಪದ ಅವರಿಗೆ ಗೊತ್ತಿರಲಿಲ್ಲ, ಕೆಲಸ ಗೊತ್ತಿತ್ತು. ಯಾರ ಹಕ್ಕನ್ನು ಹೀಗೆ ಕೊಳ್ಳಲು ಹೊರಟಿದ್ದರೋ ಅವರೆಲ್ಲ ವಾಷಿಂಗ್ಟನ್ನರ ಜೊತೆಗೆ ಗುಂಡಿನ ಮಳೆಯಲ್ಲಿ ನಿಂತಿದ್ದವರು.

ಹನ್ನೆರಡನೆಯ ಶತಮಾನದಲ್ಲಿ ಇಂಗ್ಲೆಂಡಿನ ರಿವೋ ಎಂಬಲ್ಲಿ ಮಠಾಧಿಪತಿಯಾಗಿದ್ದ ಸಂತ ಏಲ್ರೆಡ್ ಗೆಳೆತನದ ಬಗ್ಗೆಯೇ ಒಂದು ಪುಸ್ತಕ ಬರೆದಿದ್ದಾರೆ. ಇಬ್ಬರು ಸನ್ಯಾಸಿಗಳು ಏಕಾಂತದಲ್ಲಿ ಮಾತಿಗೆ ಕೂರುವಲ್ಲಿಂದ ಅದು ಆರಂಭವಾಗುತ್ತದೆ. ಇಲ್ಲಿ ನಾವಿಬ್ಬರೇ ಇದ್ದೇವೆ, ನಮ್ಮ ನಡುವೆ ಮೂರನೆಯವರಾಗಿ ಕ್ರಿಸ್ತ ಇರಲಿ ಎಂಬುದು ಅಲ್ಲಿನ ಆಶಯ. ಏಲ್ರೆಡ್ ಚಿಕ್ಕಂದಿನಲ್ಲೇ ರೋಮಿನ ಸಿಸಿರೋ ಬರೆದ ಗೆಳೆತನದ ಗ್ರಂಥವನ್ನು ಓದಿ ಮೆಚ್ಚಿದ್ದವರು. ನಾಚಿಕೆಗೇಡಿನದನ್ನು ಗೆಳೆಯನಿಂದ ಕೇಳಲೂ ಬಾರದು, ಗೆಳೆಯ ಕೇಳಿದನೆಂದು ಮಾಡಲೂ ಬಾರದು ಎನ್ನುವ ನಿಯಮ ಸಿಸಿರೋನದು. ಏಲ್ರೆಡ್ ಅದನ್ನು ಒಪ್ಪಿ ಒಂದು ಹೆಜ್ಜೆ ಮುಂದೆ ಹೋದರು ಎಂದು ನನಗೆ ಅನಿಸುತ್ತದೆ. ನಾಚಿಕೆಗೇಡಿನದು ಯಾವುದು ಎಂದು ನಾವಿಬ್ಬರೇ ಕುಳಿತು ತೀರ್ಮಾನಿಸಿದರೆ ಯಾವುದೂ ನಾಚಿಕೆಗೇಡು ಅನಿಸದೆ ಹೋಗಬಹುದು. ಇಬ್ಬರಿಗೂ ಲಾಭವಿದ್ದಾಗಲಂತೂ ಹೌದು. ಮೂರನೆಯವರೊಬ್ಬರು ಕೋಣೆಯಲ್ಲಿದ್ದಾರೆ ಎಂದುಕೊಂಡು ಮಾತನಾಡಿದರೆ ಅದೇ ಮಾತಿನ ಬಣ್ಣ ಬೇರೆ. ಆ ಮೂರನೆಯವರು ಯೇಸುಸ್ವಾಮಿ ಎಂದುಕೊಳ್ಳಿ, ಅಥವಾ ಯಾರ ನೆಲದ ಬಗ್ಗೆ ಮಾತು ನಡೆದಿದೆಯೋ ಆ ಮನುಷ್ಯ ಎಂದುಕೊಳ್ಳಿ. ಶುಭಸಂದೇಶ ಓದಿದವರಿಗೆ ಈ ಎರಡೂ ಬಹಳ ದೂರದ ಮಾತುಗಳಲ್ಲ.

ಹಾಗೆಂದರೆ ಗೆಳೆಯರ ನಡುವೆ ಗುಟ್ಟೇ ಇರಬಾರದೆ? ಪಾಪನಿವೇದನೆಯ ಗುಟ್ಟನ್ನು ಪ್ರಾಣ ಹೋದರೂ ಬಿಟ್ಟುಕೊಡದ ಗುರುಗಳ ಪರಂಪರೆ ನಮ್ಮದು. ಆದರೆ ವ್ಯತ್ಯಾಸ ಗಮನಿಸಿ. ಅಲ್ಲಿ ಹೇಳಿಕೊಳ್ಳುವುದು ಮಾಡಿ ಮುಗಿದ ತಪ್ಪನ್ನು, ಬಿಟ್ಟುಬಿಡುವ ಮನಸ್ಸಿನಿಂದ. ವಾಷಿಂಗ್ಟನ್ನರ ಪತ್ರದಲ್ಲಿರುವುದು ಇನ್ನು ಮುಂದೆ ಮಾಡಬೇಕಾದ ಕೆಲಸ, ಗೆಳೆಯನ ಕೈಯಿಂದ ಮಾಡಿಸಬೇಕಾದ ಕೆಲಸ. ನೋವಿನ ಗುಟ್ಟನ್ನು ಹೊತ್ತವನ ಭಾರ ಒಂದು ತರಹ, ಯೋಜನೆಯ ಗುಟ್ಟನ್ನು ಹೊತ್ತವನ ಭಾರ ಇನ್ನೊಂದು ತರಹ. ಎರಡನೆಯವನು ಬರೀ ಕೇಳುಗನಾಗಿ ಉಳಿಯುವುದಿಲ್ಲ.

ವಿಲಿಯಂ ಬ್ಲೌಂಟ್ ಎಂಬಾತನ ಕತೆ ಇದಕ್ಕಿಂತ ಒರಟು. ಈತ ಅಮೆರಿಕದ ಸಂವಿಧಾನಕ್ಕೆ ಸಹಿ ಹಾಕಿದವರಲ್ಲಿ ಒಬ್ಬ, ಮುಂದೆ ಟೆನೆಸೀ ರಾಜ್ಯದ ಸೆನೆಟರ್. ಪಶ್ಚಿಮದಲ್ಲಿ ಲೆಕ್ಕವಿಲ್ಲದಷ್ಟು ನೆಲ ಸಾಲದ ಮೇಲೆ ಕೊಂಡಿದ್ದ. ಸ್ಪೇನ್ ಕೈಯಲ್ಲಿದ್ದ ಮಿಸಿಸಿಪಿ ಸೀಮೆ ಫ್ರಾನ್ಸ್ ಪಾಲಾದರೆ ತನ್ನ ನೆಲದ ಬೆಲೆ ಬಿದ್ದುಹೋದೀತು ಎಂಬ ಭಯದಿಂದ, ಬ್ರಿಟಿಷರ ನೆರವಿನಲ್ಲಿ ಅದರ ಮೇಲೆ ದಾಳಿ ಮಾಡಿಸುವ ಯೋಜನೆ ಹಾಕಿದ. ತಾನು ಸೆನೆಟರ್ ಆಗಿದ್ದಾಗಲೇ! 1797ರ ಏಪ್ರಿಲ್ 21ರಂದು ಚೆರೋಕೀ ಜನರ ನಡುವೆ ಸರ್ಕಾರಿ ದುಭಾಷಿಯಾಗಿದ್ದ ಜೇಮ್ಸ್ ಕ್ಯಾರಿ ಎಂಬ ಪರಿಚಯದವನಿಗೆ ಪತ್ರ ಬರೆದ. ಗಡಿ ಒಪ್ಪಂದದ ಬಗ್ಗೆ ಚೆರೋಕೀಗಳು ಗೊಣಗಿದರೆ ತಪ್ಪನ್ನು ನನ್ನ ಮೇಲಿಂದ ತೆಗೆದು ಮಾಜಿ ಅಧ್ಯಕ್ಷರ ಮೇಲೆ ಹಾಕು, ಅವರು ಹೇಗೂ ಈಗ ಅಧಿಕಾರದಲ್ಲಿಲ್ಲ ಎಂದು ಹೇಳಿಕೊಟ್ಟ. ಕೊನೆಗೆ, ಈ ಪತ್ರವನ್ನು ಮೂರು ಸಲ ಓದಿ ಸುಟ್ಟುಬಿಡು ಎಂದ.

ಕ್ಯಾರಿ ಸುಡಲಿಲ್ಲ. ಮನಸ್ಸಾಕ್ಷಿ ಚುಚ್ಚಿ ಸುಡಲಿಲ್ಲ ಎಂದು ಬರೆಯಲು ನನಗೂ ಆಸೆಯೇ, ಆದರೆ ನಡೆದದ್ದು ಅಷ್ಟು ಚೆನ್ನಾಗಿಲ್ಲ. ಕುಡಿದ ಅಮಲಿನಲ್ಲಿ ಇನ್ನೊಬ್ಬ ಸರ್ಕಾರಿ ನೌಕರನ ಕೈಗೆ ಕೊಟ್ಟುಬಿಟ್ಟ. ಪತ್ರ ಕೈಯಿಂದ ಕೈಗೆ ದಾಟಿ ಅಧ್ಯಕ್ಷ ಜಾನ್ ಆಡಮ್ಸ್‌ರ ಮೇಜಿಗೆ ಬಂತು. ಜುಲೈ 8ರಂದು ಸೆನೆಟ್ ಬ್ಲೌಂಟ್‌ನನ್ನು 25 ಮತ, ವಿರುದ್ಧ 1 ಮತದಿಂದ ಹೊರಹಾಕಿತು. ಊರಿಗೆ ಹಿಂದಿರುಗಿದವನನ್ನು ಟೆನೆಸೀ ಜನ ಬಯ್ಯಲಿಲ್ಲ. ಮರುವರ್ಷ ರಾಜ್ಯದ ಸೆನೆಟ್‌ಗೆ ಆರಿಸಿ ಸಭಾಪತಿಯ ಕುರ್ಚಿಯಲ್ಲಿ ಕೂರಿಸಿದರು. ನೆಲದ ಬೆಲೆ ಏರಬೇಕು ಎನ್ನುವುದರಲ್ಲಿ ಅವರಿಗೂ ಅವನಿಗೂ ಭಿನ್ನಾಭಿಪ್ರಾಯವೇನೂ ಇರಲಿಲ್ಲ.

ನೆಲಕ್ಕಾಗಿ ಬರೆದ ಗುಟ್ಟಿನ ಪತ್ರ ಎಂದಾಗ ನಮಗೆ ನೆನಪಾಗುವುದು ನಾಬೋತನ ದ್ರಾಕ್ಷಿತೋಟ. ಅರಸುಗಳ ಗ್ರಂಥದ ಆ ಕತೆಯಲ್ಲಿ ರಾಣಿ ಈಜೆಬೆಲಳು ಗಂಡನ ಮುದ್ರೆ ಒತ್ತಿ ಊರ ಹಿರಿಯರಿಗೆ ಪತ್ರ ಕಳಿಸುತ್ತಾಳೆ. ಉಪದೇಶಗಳಲ್ಲಿ ನಾವು ಕೇಳುವುದೆಲ್ಲ ಅಹಾಬನ ದುರಾಸೆ, ಈಜೆಬೆಲಳ ಕ್ರೌರ್ಯ. ಆ ಪತ್ರ ಬಿಡಿಸಿ ಓದಿದ ಹಿರಿಯರ ಬಗ್ಗೆ ಯಾರೂ ಮಾತನಾಡುವುದಿಲ್ಲ. ಎಷ್ಟು ಮಂದಿ ಇದ್ದರೋ, ಒಬ್ಬನೂ ಬಾಯಿ ಬಿಡಲಿಲ್ಲ. ಅವರಲ್ಲಿ ಒಬ್ಬ ಕುಡುಕ ಕ್ಯಾರಿ ಇದ್ದಿದ್ದರೂ ನಾಬೋತ ಬದುಕುತ್ತಿದ್ದನೇನೋ.

ಕ್ರಾಫರ್ಡ್‌ಗೆ ಮರಳುತ್ತೇನೆ. ಅವನ ಕೊನೆಯನ್ನು ಹೇಳದೆ ಈ ವಿಷಯ ಮುಗಿಯುವುದಿಲ್ಲ.

ಇವತ್ತಿನ ಒಹಾಯೊ ರಾಜ್ಯದಲ್ಲಿ ಟಸ್ಕರಾವಸ್ ನದಿಯ ದಂಡೆಯ ಮೇಲೆ ಗ್ನಾಡೆನ್‌ಹುಟೆನ್ ಎಂಬ ಹಳ್ಳಿ ಇತ್ತು. ಜರ್ಮನ್ ಭಾಷೆಯಲ್ಲಿ ಕೃಪೆಯ ಗುಡಿಸಲುಗಳು ಎಂದು ಅರ್ಥ. ಅಲ್ಲಿದ್ದವರು ಡೆಲವೇರ್ ಜನಾಂಗದ ಕ್ರೈಸ್ತರು, ಮೊರೇವಿಯನ್ ಎಂಬ ಪ್ರೊಟೆಸ್ಟೆಂಟ್ ಸಭೆಗೆ ಸೇರಿದವರು. ಅವರ ನಡುವೆ ದುಡಿದ ಡೇವಿಡ್ ಜೈಸ್‌ಬರ್ಗರ್ ಅವರ ಭಾಷೆ ಕಲಿತು, 1776ರಲ್ಲೇ ಅದರಲ್ಲಿ ಮಕ್ಕಳಿಗೆ ಓದು ಕಲಿಸುವ ಪುಸ್ತಕ ಅಚ್ಚು ಹಾಕಿಸಿದ್ದರು. ಅಮೆರಿಕದ ಸ್ವಾತಂತ್ರ್ಯ ಯುದ್ಧದಲ್ಲಿ ಈ ಜನ ಯಾವ ಪಕ್ಷವನ್ನೂ ಹಿಡಿಯಲಿಲ್ಲ. ಆಯುಧ ಮುಟ್ಟದವರು. ಹಾಗಾಗಿ ಎರಡೂ ಕಡೆಯವರಿಗೆ ಅನುಮಾನ. 1781ರಲ್ಲಿ ಬ್ರಿಟಿಷರ ಕಡೆಯವರು ಅವರನ್ನು ಬಲವಂತವಾಗಿ ಸ್ಯಾಂಡಸ್ಕಿಗೆ ಎಬ್ಬಿಸಿಕೊಂಡು ಹೋದರು. ಚಳಿಗಾಲದಲ್ಲಿ ಹಸಿವು ತಡೆಯಲಾರದೆ, ಹೊಲದಲ್ಲೇ ಬಿಟ್ಟುಬಂದಿದ್ದ ಮೆಕ್ಕೆಜೋಳ ಕೊಯ್ದುಕೊಳ್ಳಲು ಕೆಲವರು ಹಿಂದಿರುಗಿದರು.

ಆಗ ಪೆನ್ಸಿಲ್ವೇನಿಯಾದ ಗಡಿ ಸೈನಿಕರ ದಂಡೊಂದು ಬಂತು. ಗಡಿಯಲ್ಲಿ ಬಿಳಿಯರ ಕೊಲೆಗಳಾಗಿದ್ದವು, ಸೇಡು ಬೇಕಿತ್ತು. ದಂಡಿನ ನಾಯಕ ಡೇವಿಡ್ ವಿಲಿಯಮ್ಸನ್ ತೀರ್ಮಾನವನ್ನು ತನ್ನವರಿಗೇ ಬಿಟ್ಟ. ಕೊಲ್ಲಬಾರದು ಎನ್ನುವವರು ಮುಂದೆ ಬನ್ನಿ ಎಂದಾಗ ಇಪ್ಪತ್ತು ಮಂದಿಯೂ ಬರಲಿಲ್ಲ. ಸೆರೆಯಾದವರು ಪ್ರಾರ್ಥನೆಗೆ ಸಮಯ ಕೇಳಿದರು. ಇಡೀ ರಾತ್ರಿ ಪ್ರಾರ್ಥಿಸಿದರು, ಹಾಡಿದರು. 1782ರ ಮಾರ್ಚ್ 8ರ ಬೆಳಿಗ್ಗೆ ಗಂಡಸರನ್ನು ಒಂದು ಮನೆಯಲ್ಲಿ, ಹೆಂಗಸರು ಮಕ್ಕಳನ್ನು ಇನ್ನೊಂದು ಮನೆಯಲ್ಲಿ, ಮರದ ಸುತ್ತಿಗೆಯಿಂದ ತಲೆಗೆ ಹೊಡೆದು ಕೊಂದರು. 96 ಜನ. ಅವರಲ್ಲಿ 39 ಮಕ್ಕಳು. ಇಬ್ಬರು ಹುಡುಗರು ತಪ್ಪಿಸಿಕೊಂಡು ಸುದ್ದಿ ಮುಟ್ಟಿಸಿದರು.

ಆ ದಂಡಿನಲ್ಲಿ ಕ್ರಾಫರ್ಡ್ ಇರಲಿಲ್ಲ. ಇದನ್ನು ಸ್ಪಷ್ಟವಾಗಿ ಹೇಳಬೇಕು. ಆದರೆ ಅದೇ ವರ್ಷ ಮೇ ತಿಂಗಳಲ್ಲಿ ಸ್ಯಾಂಡಸ್ಕಿಯ ಮೇಲೆ ಇನ್ನೊಂದು ದಂಡಯಾತ್ರೆ ಹೊರಟಿತು. ನಾಯಕನ ಆಯ್ಕೆಗೆ ಮತದಾನ ನಡೆದು, ಕ್ರಾಫರ್ಡ್ ಐದು ಮತಗಳಿಂದ ವಿಲಿಯಮ್ಸನ್‌ನನ್ನು ಸೋಲಿಸಿದ. ಯಾತ್ರೆ ಚದುರಿ ಸೋತಿತು. ವಿಲಿಯಮ್ಸನ್ ಪಾರಾದ, ಕ್ರಾಫರ್ಡ್ ಡೆಲವೇರ್‌ಗಳ ಕೈಗೆ ಸಿಕ್ಕ. ಗ್ನಾಡೆನ್‌ಹುಟೆನ್‌ನ ಲೆಕ್ಕವನ್ನು ಅವರು ಅವನ ಮೈಮೇಲೆ ತೀರಿಸಿಕೊಂಡರು. ಜೂನ್ 11ರಂದು ಕಂಬಕ್ಕೆ ಕಟ್ಟಿ, ಗಂಟೆಗಟ್ಟಲೆ ಹಿಂಸಿಸಿ ಸುಟ್ಟರು. ಸುದ್ದಿ ತಿಳಿದ ವಾಷಿಂಗ್ಟನ್ ತಮಗಾದ ನೋವನ್ನು ಪತ್ರದಲ್ಲಿ ತೋಡಿಕೊಂಡಿದ್ದಾರೆ. ಇನ್ನು ಮುಂದೆ ನಮ್ಮವರು ಯಾರೂ ಜೀವಸಹಿತ ಸೆರೆಯಾಗದಿರಲಿ ಎಂದೂ ಬರೆದಿದ್ದಾರೆ. ದುಃಖ ನಿಜವಾದದ್ದು, ನನಗೆ ಅನುಮಾನವಿಲ್ಲ. ಹದಿನೈದು ವರ್ಷ ಹಿಂದೆ ತಾವು ಬರೆದ ಪತ್ರ ಆಗ ಅವರಿಗೆ ನೆನಪಾಯಿತೇ? ಕಾಡಿಗೆ ಹೋಗು, ಬೇಟೆಗೆ ಬಂದೆ ಎನ್ನು ಎಂದು ಹೇಳಿಕೊಟ್ಟದ್ದು?

ಒಂದು ಪತ್ರದಿಂದ ಒಂದು ಚಿತೆಗೆ ನೇರವಾಗಿ ದಾರಿ ಎಳೆಯುವುದು ಅನ್ಯಾಯ. ನಡುವೆ ಒಂದು ಯುದ್ಧ, ನೂರಾರು ಜನರ ತೀರ್ಮಾನಗಳು ಇವೆ. ಆದರೂ ಆ ನೆಲಕ್ಕಾಗಿ ಸಾವಿರಾರು ಮನೆಗಳಲ್ಲಿ ಸಾವಿರಾರು ಗೆಳೆಯರು ಇಂಥದೇ ಮಾತನ್ನು ನಮ್ಮಲ್ಲೇ ಇರಲಿ ಎಂದು ಆಡಿಕೊಂಡಿರಲೇಬೇಕು. ಅವರಲ್ಲಿ ಯಾರೂ ಯಾರನ್ನೂ ಕೊಲ್ಲಲು ಹೊರಟಿರಲಿಲ್ಲ.

1784ರಲ್ಲಿ ವಾಷಿಂಗ್ಟನ್ ಮತ್ತೆ ಪಶ್ಚಿಮಕ್ಕೆ ಹೋದಾಗ, ಕ್ರಾಫರ್ಡ್ ಅಳೆದುಕೊಟ್ಟಿದ್ದ ಒಂದು ಜಮೀನಿನಲ್ಲಿ ಬಡ ರೈತ ಕುಟುಂಬಗಳು ಉಳುತ್ತಾ ಕುಳಿತಿದ್ದವು. ಖಾಲಿ ಬಿದ್ದಿದ್ದ ನೆಲವೆಂದು ನಾವು ಬಂದೆವು ಎಂದರು. ಭಕ್ತಿವಂತ ಜನ ಎಂದು ದಿನಚರಿಯಲ್ಲಿ ಗುರುತು ಹಾಕಿಕೊಂಡ ವಾಷಿಂಗ್ಟನ್, ಬೆಲೆ ಕುದುರದೆ ಹೋದಾಗ ಕೋರ್ಟಿಗೆ ಹೋಗಿ 1786ರಲ್ಲಿ ಗೆದ್ದು ಅವರನ್ನು ಎಬ್ಬಿಸಿದರು. ತೀರಿಕೊಳ್ಳುವ ಹೊತ್ತಿಗೆ ಅವರ ಹೆಸರಿನಲ್ಲಿ 50,000 ಎಕರೆಗೂ ಹೆಚ್ಚು ನೆಲವಿತ್ತು.

ಆದರೆ ಅದೇ ಮನುಷ್ಯನ ಬಗ್ಗೆ ಇನ್ನೊಂದು ಸಂಗತಿ ಇದೆ, ಅದನ್ನು ಬಿಟ್ಟರೆ ನಾನು ಪಕ್ಷಪಾತಿಯಾಗುತ್ತೇನೆ. ರಾಬರ್ಟ್ ಮಾರಿಸ್ ಫಿಲಡೆಲ್ಫಿಯಾದ ದೊಡ್ಡ ವರ್ತಕರು. ಯುದ್ಧಕಾಲದಲ್ಲಿ ಸೈನ್ಯಕ್ಕೆ ಹಣ ಹೊಂದಿಸಿಕೊಟ್ಟವರು. ವಾಷಿಂಗ್ಟನ್ ಅಧ್ಯಕ್ಷರಾಗಿ ಆ ನಗರದಲ್ಲಿ ವಾಸವಿದ್ದದ್ದು ಮಾರಿಸ್ ಬಿಟ್ಟುಕೊಟ್ಟ ಮನೆಯಲ್ಲಿ. ನೆಲದ ಹುಚ್ಚು ಅವರನ್ನೂ ಬಿಡಲಿಲ್ಲ. 1795ರಲ್ಲಿ ಇನ್ನಿಬ್ಬರೊಡನೆ ಸೇರಿ ಅರವತ್ತು ಲಕ್ಷ ಎಕರೆಯ ಕಂಪನಿ ಕಟ್ಟಿದರು. ಸಾಲದ ಮೇಲೆ ಸಾಲ, ಒಬ್ಬರ ಚೀಟಿಗೆ ಇನ್ನೊಬ್ಬರ ಸಹಿ. ಬೆಲೆ ಬಿತ್ತು, ಎಲ್ಲವೂ ಕುಸಿಯಿತು. ಅವರನ್ನು ನಂಬಿ ಹಣ ಕೊಟ್ಟ ಗೆಳೆಯರೂ ಮುಳುಗಿದರು. ಸಂವಿಧಾನಕ್ಕೆ ಸಹಿ ಹಾಕಿದ ಇಬ್ಬರು ಕಥೋಲಿಕರಲ್ಲಿ ಒಬ್ಬರಾದ ಥಾಮಸ್ ಫಿಟ್ಸ್‌ಸೈಮನ್ಸ್ ಅವರ ಆಸ್ತಿಯ ಬಹುಪಾಲು ಹೋದದ್ದು ಹೀಗೆ. 1798ರ ಫೆಬ್ರವರಿಯಲ್ಲಿ ಮಾರಿಸ್ ಸಾಲಗಾರರ ಜೈಲು ಸೇರಿದರು. ಬಿಡುಗಡೆಯಾದದ್ದು 1801ರಲ್ಲಿ.

ಜೈಲಿಗೆ ಬಿದ್ದ ಸಾಲಗಾರನ ಹತ್ತಿರ ದೊಡ್ಡವರು ಸುಳಿಯುವುದು ಎಲ್ಲ ಊರಿನಲ್ಲೂ ಅಪರೂಪ. 1798ರ ನವೆಂಬರ್‌ನಲ್ಲಿ ಸೈನ್ಯದ ಕೆಲಸಕ್ಕೆಂದು ಫಿಲಡೆಲ್ಫಿಯಾಕ್ಕೆ ಬಂದ ವಾಷಿಂಗ್ಟನ್ ಅಲ್ಲಿಗೆ ಹೋಗಿ ಮಾರಿಸ್ ಕುಟುಂಬದ ಜೊತೆ ಕುಳಿತು ಊಟ ಮಾಡಿದರು. ಮಾರಿಸ್ ಅವರಿಂದ ಆಗಬೇಕಾದದ್ದು ಏನೂ ಉಳಿದಿರಲಿಲ್ಲ. ದಿನಚರಿಯಲ್ಲಿ ಅದಕ್ಕೆ ಒಂದೇ ಸಾಲು, ಮಾರಿಸ್ ಅವರೊಂದಿಗೆ ಮನೆಯವರಂತೆ ಊಟ ಎಂದು. ಜೈಲು ಎಂಬ ಪದವೇ ಇಲ್ಲ.

ಮರುವರ್ಷ ಸೆಪ್ಟೆಂಬರ್‌ನಲ್ಲಿ, ತಾವು ಸಾಯುವುದಕ್ಕೆ ಮೂರು ತಿಂಗಳು ಮುಂಚೆ, ವಾಷಿಂಗ್ಟನ್ ಮತ್ತು ಅವರ ಪತ್ನಿ ಮಾರ್ಥಾ ತಮ್ಮಿಬ್ಬರ ಹೆಸರಿನಲ್ಲಿ ಶ್ರೀಮತಿ ಮಾರಿಸ್ ಅವರಿಗೆ ಒಂದು ಪತ್ರ ಬರೆದರು. ನಮ್ಮ ಮನೆಗೆ ಬನ್ನಿ, ನಿಮಗೆ ಅನುಕೂಲವಾದಷ್ಟು ದಿನ ಇರಿ ಎಂದು. ಯಾರು ಬೇಕಾದರೂ ಓದಬಹುದಾದ ಪತ್ರ. ಆಕೆಯ ಗಂಡ ಆಗ ಇನ್ನೂ ಜೈಲಿನಲ್ಲೇ ಇದ್ದರು.